ಊರಲ್ಲಿ ‘ಏಯ್’... ಆಟದಲ್ಲಿ ‘ಭಾಯ್’!

‘ರಾಜಾ ಕೃಷ್ಣಪ್ಪ ಬೈರ್ಯ’ ಯಾರು, ಹೇಳಿ ನೋಡೋಣ?

ತಲೆ ಕೆರೆದುಕೊಳ್ಳಬೇಡಿ. ಆತ ನಿಮ್ಮೂರಿನ ಪಂಚಾಯ್ತಿ ಮೆಂಬರೂ ಅಲ್ಲ, ಹೈಸ್ಕೂಲು ಮೇಷ್ಟ್ರೂ ಅಲ್ಲ. 2018ರ ಡಿಸೆಂಬರಿನಲ್ಲಿ ತೆರೆಕಂಡ ‘ಕೆ.ಜಿ.ಎಫ್.’ ಚಿತ್ರದ ನಾಯಕನ ಹುಟ್ಟುಹೆಸರು ಅದು! ಈ ಹೆಸರು ಕೇಳಿ ಟಾಕೀಸಿನಲ್ಲಿ ಯಾರಾದರೂ ಸೀಟಿ ಹೊಡೆದದ್ದುಂಟೇ? ಇಲ್ಲ. ಅದೇ ‘ರಾಕಿ ಭಾಯ್’ ಎನ್ನಿ... ಗಾಂಧಿ ಕ್ಲಾಸಿನಿಂದ ಬಾಲ್ಕನಿಯವರೆಗೆ ಶಿಳ್ಳೆ, ಚಪ್ಪಾಳೆ, ಕಾಗದದ ಚೂರುಗಳ ಮಳೆ!

ಇಬ್ಬರೂ ಒಬ್ಬನೇ ಸ್ವಾಮಿ. ಗಡ್ಡ ಅದೇ, ಕೋಟು ಅದೇ, ಕೈಯ ಬಲವೂ ಅದೇ. ಬದಲಾದದ್ದು ಹೆಸರೊಂದೇ. ಬೊಂಬಾಯಿಗೆ ಹೋಗಿ ಬೂಟು ಪಾಲಿಶ್ ಮಾಡುತ್ತಿದ್ದ ಹುಡುಗ ಮೊದಲು ‘ರಾಕಿ’ ಆದ, ಆಮೇಲೆ ‘ಭಾಯ್’ ಆದ. ನಿರ್ದೇಶಕ ಪ್ರಶಾಂತ್ ನೀಲ್ ಕನ್ನಡದವರು. ನಾಯಕ ಯಶ್ ಹಾಸನ ಜಿಲ್ಲೆಯಲ್ಲಿ ಹುಟ್ಟಿ ಮೈಸೂರಿನಲ್ಲಿ ಬೆಳೆದವರು. ಚಿನ್ನದ ಗಣಿಯೋ, ನಮ್ಮ ಕೋಲಾರದ್ದೇ. ಹಾಗಿದ್ದ ಮೇಲೆ ‘ರಾಕಿ ಅಣ್ಣ’ ಎಂದು ಯಾಕೆ ಇಡಲಿಲ್ಲ? ‘ಭಾಯ್’ ಎಂಬ ಹಿಂದಿ ಮಾತಿನಲ್ಲಿ ಅಂಥಾದ್ದೇನಿದೆ ಮಹಾ?

ಈ ಪ್ರಶ್ನೆ ನನ್ನ ತಲೆ ಹೊಕ್ಕದ್ದು ಟಾಕೀಸಿನಲ್ಲಲ್ಲ. ಮೊಬೈಲ್ ಫೋನಿನ ಒಂದು ಆಟದಿಂದ!

ಬೆಂಚಿನ ಮೇಲಿನ ಯುದ್ಧ

ಯಳಂದೂರು ಬಸ್ ನಿಲ್ದಾಣದ ಹತ್ತಿರ ನನ್ನದೊಂದು ಪುಟ್ಟ ಜೆರಾಕ್ಸ್ ಅಂಗಡಿ. ಕರೆನ್ಸಿ ಹಾಕುವುದು, ಆಧಾರ್ ಕಾರ್ಡಿಗೆ ಲ್ಯಾಮಿನೇಶನ್ ಮಾಡುವುದು, ಫಾರಂ ತುಂಬಿಕೊಡುವುದು... ಇಷ್ಟೇ ನನ್ನ ಸಾಮ್ರಾಜ್ಯ. ಬಿಳಿಗಿರಿರಂಗನ ಬೆಟ್ಟಕ್ಕೆ ಹೋಗುವವರು ಇಲ್ಲಿ ಬಸ್ಸು ಹಿಡಿಯುತ್ತಾರೆ. ಸುಮಾರು 24 ಕಿಲೋಮೀಟರ್ ದಾರಿ. ಗುಂಬಳ್ಳಿ ದಾಟಿ ಕಾಡು ಹೊಕ್ಕರೆ ಮೊಬೈಲ್ ಸಿಗ್ನಲ್ಲು ಕಣ್ಣಾಮುಚ್ಚಾಲೆ ಆಡತೊಡಗುತ್ತದೆ. ಹಾಗಾಗಿ ಬೆಟ್ಟದ ಹುಡುಗರು, ತಪ್ಪಲಿನ ಹುಡುಗರು, ಬಸ್ಸು ಬರುವ ತನಕ ನನ್ನ ಅಂಗಡಿಯ ಬೆಂಚಿನ ಮೇಲೆ ಕೂತು ‘ಒಂದು ಮ್ಯಾಚು’ ಮುಗಿಸಿಯೇ ಹತ್ತುವುದು.

ಆಟ ಯಾವುದು ಎಂದಿರಾ? ನಿಮಗೆ ಗೊತ್ತಿಲ್ಲದ್ದೇನಲ್ಲ. ನಮ್ಮ ಹುಡುಗರ ಬಾಯಲ್ಲಿ ಇಂದಿಗೂ ಅದು ‘ಪಬ್‌ಜಿ’ಯೇ. 2020ರ ಸೆಪ್ಟೆಂಬರ್ 2ರಂದು ಕೇಂದ್ರ ಸರ್ಕಾರ ಅದನ್ನು ನಿಷೇಧಿಸಿತು. 2021ರ ಜುಲೈನಲ್ಲಿ ಅದೇ ಆಟ ‘ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ’ ಎಂಬ ಹೊಸ ವೇಷ ತೊಟ್ಟು ಬಂತು. 2022ರ ಜುಲೈನಲ್ಲಿ ಮತ್ತೆ ಬಾಗಿಲು ಮುಚ್ಚಿತು. 2023ರ ಮೇನಲ್ಲಿ ಮತ್ತೆ ತೆರೆಯಿತು. ಆಟವೇ ಹೆಸರು ಬದಲಿಸಿಕೊಂಡು ಬಂದ ಮೇಲೆ ಆಡುವವರ ಮಾತೇನು!

ನೂರು ಜನ ವಿಮಾನದಿಂದ ಒಂದು ದ್ವೀಪಕ್ಕೆ ಧುಮುಕುತ್ತಾರೆ. ಕೊನೆಯವರೆಗೂ ಉಳಿದವರು ಗೆದ್ದಂತೆ. ನಾಲ್ಕು ಜನರ ಗುಂಪು ಕಟ್ಟಿಕೊಂಡು ಆಡಬಹುದು. ಗುಂಡು ತಗುಲಿ ಬಿದ್ದವನು ಒಡನೆಯೇ ಸಾಯುವುದಿಲ್ಲ. ತೆವಳುತ್ತಾ, ಕೂಗುತ್ತಾ ಇರಬೇಕು. ಜೊತೆಗಾರ ಓಡಿ ಬಂದು, ತನ್ನ ಜೀವ ಪಣವಿಟ್ಟು, ಅವನನ್ನು ಮೇಲೆಬ್ಬಿಸಬೇಕು. ಆ ಜೊತೆಗಾರ ಕಾನ್ಪುರದವನಿರಬಹುದು, ನಾಗಪುರದವನಿರಬಹುದು. ಮುಖ ಕಾಣದು. ಕಾಣುವುದು ತಲೆಯ ಮೇಲೆ ತೇಲುವ ಹೆಸರು, ಕೇಳುವುದು ಕಿವಿಯೊಳಗಿನ ದನಿ.

ಆ ಹೆಸರಿಡುವ ಶಾಸ್ತ್ರವಿದೆಯಲ್ಲ, ಅದು ನಮ್ಮ ತೊಟ್ಟಿಲು ಶಾಸ್ತ್ರಕ್ಕಿಂತ ದೊಡ್ಡದು! ಒಬ್ಬ ಇಟ್ಟುಕೊಂಡ ಹೆಸರನ್ನು ಇನ್ನೊಬ್ಬ ಇಟ್ಟುಕೊಳ್ಳುವಂತಿಲ್ಲ. ಆದ್ದರಿಂದ ‘ರಾಕಿ ಭಾಯ್’ ಎಂಬ ಹೆಸರಿನ ಹಿಂದೊಂದು ಕಿರೀಟ, ಮುಂದೊಂದು ಕತ್ತಿ, ನಡುವೆ ಗೆರೆ, ಬಾಲಕ್ಕೆ ನಂಬರು. ನನ್ನ ಬೆಂಚಿನ ಮೇಲೆ ಇದುವರೆಗೆ ನಾನು ಕಂಡ ‘ರಾಕಿ ಭಾಯ್’ಗಳೇ ಐದಾರು ಮಂದಿ. ‘ಅಪ್ಪು’ ಎಂದು ಇಟ್ಟುಕೊಂಡವರಿದ್ದಾರೆ, ‘ಡಾನ್’ಗಳಿದ್ದಾರೆ. ಆದರೆ ಬಾಲದಲ್ಲಿ ‘ಭಾಯ್’ ಸೇರಿಸಿಕೊಂಡವರದೇ ಮೆಜಾರಿಟಿ.

ಇದಕ್ಕೆ ಇನ್ನೊಂದು ಕಾರಣವೂ ಉಂಟು. ‘ಫ್ರೀ ಫೈರ್’ ಎಂಬ ಇನ್ನೊಂದು ಆಟದಲ್ಲಿ ಹೆಸರು ಮಾಡಿದ ಅಹಮದಾಬಾದಿನ ಯುವಕನೊಬ್ಬನಿದ್ದಾನೆ. ಜನ ಕರೆಯುವುದು ‘ಅಜ್ಜೂ ಭಾಯ್’ ಎಂದು. ವರ್ಷಗಟ್ಟಲೆ ಮುಖವನ್ನೇ ತೋರಿಸದೆ, ಬರೀ ದನಿ ಮತ್ತು ಹೆಸರಿನ ಮೇಲೆ ಯೂಟ್ಯೂಬಿನಲ್ಲಿ ಕೋಟಿಗಟ್ಟಲೆ ಅಭಿಮಾನಿಗಳನ್ನು ಸಂಪಾದಿಸಿದ! ಮುಖವಿಲ್ಲದ ಸ್ಟಾರ್! ನಮ್ಮ ಗಾಂಧಿನಗರದಲ್ಲಿ ಇದು ಸಾಧ್ಯವೇ, ನೀವೇ ಹೇಳಿ.

ಒಬ್ಬ ಭಾಯ್‌ನ ಕಥೆ

ಈ ಭಾಯ್‌ಗಳ ಪೈಕಿ ಒಬ್ಬನ ವಿಷಯ ನಿಮಗೆ ಹೇಳಲೇಬೇಕು. ಹೆಸರು ಬರೆಯುವುದಿಲ್ಲ. ವಯಸ್ಸು ಇಪ್ಪತ್ತು. ಬೆಟ್ಟದ ತಪ್ಪಲಿನ ಒಂದು ಹಳ್ಳಿ. ಅಪ್ಪ ಕೂಲಿ. ಹುಡುಗ ಎಸ್.ಎಸ್.ಎಲ್.ಸಿ. ಮುಗಿಸಿ ಇಲ್ಲೇ ಒಂದು ಹೋಟೆಲಿನಲ್ಲಿ ಲೋಟ ಎತ್ತುತ್ತಾನೆ, ಟೇಬಲ್ ಒರೆಸುತ್ತಾನೆ. ಒಂದು ದಿನ ಮಳೆಗೆ ಸಿಕ್ಕಿ ಆ ಹೋಟೆಲಿನಲ್ಲಿ ಒಂದು ಗಂಟೆ ಕೂತಿದ್ದೆ. ಸುಮ್ಮನೆ ಲೆಕ್ಕ ಹಾಕಿದೆ. ‘ಏಯ್’, ‘ಲೇಯ್’, ‘ಇವ್ನೇ’, ‘ಏ ಹುಡ್ಗಾ’... ಬರೀ ಚಿಟಿಕೆ ಹೊಡೆದು ಕರೆದವರು ಇಬ್ಬರು. ಹೆಸರು ಹಿಡಿದು ಕರೆದವರು? ಸೊನ್ನೆ.

ಅವನ ಅಪ್ಪನ ಬಾಯಲ್ಲಿ ಬರುವ ಮಾತು ‘ಬುದ್ಧೀ’. ನಮ್ಮ ಸೀಮೆಯವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಹೊರಗಿನ ಓದುಗರಿಗಾಗಿ ಹೇಳುತ್ತೇನೆ: ಮಠದ ಸ್ವಾಮಿಗಳಿಗೆ, ಹೊಲದ ಒಡೆಯರಿಗೆ, ಮೇಲಿನವರು ಎನಿಸಿಕೊಂಡವರಿಗೆ ಬಡವರು ಸೊಂಟ ಬಗ್ಗಿಸಿ ಹೇಳುವ ಮಾತದು. ಅಪ್ಪ ‘ಬುದ್ಧೀ, ಬುದ್ಧೀ’ ಎನ್ನುತ್ತಲೇ ಮುದುಕನಾದ. ಮಗನ ನಾಲಿಗೆಗೆ ಅದು ಬರುವುದಿಲ್ಲ. ಅವನು ‘ಸಾರ್’ ಎನ್ನುತ್ತಾನೆ. ಒಂದು ತಲೆಮಾರಿನಲ್ಲಿ ಆಗಿರುವ ಬದಲಾವಣೆ ಸದ್ಯಕ್ಕೆ ಇಷ್ಟು.

ರಾತ್ರಿ ಹೋಟೆಲಿನ ಬಾಗಿಲು ಹಾಕಿದ ಮೇಲೆ ನೋಡಬೇಕು ಅವನನ್ನು! ಕಿವಿಗೆ ಇಯರ್‌ಫೋನು. ಆ ಕಡೆಯಿಂದ, ಸಾವಿರಾರು ಮೈಲಿ ಆಚೆಯಿಂದ, ‘ಭಾಯ್, ಕಹಾಂ ಹೋ? ಭಾಯ್, ಬಚಾ ಲೋ!’ ಎಂಬ ಕೂಗು. ನಮ್ಮ ಹುಡುಗನಿಗೆ ಬರುವ ಹಿಂದಿ ಎಲ್ಲ ಸೇರಿ ನಲವತ್ತು ಪದ. ‘ಆ ರಹಾ ಹೂಂ ಭಾಯ್’ ಎನ್ನುತ್ತಾ ಓಡುತ್ತಾನೆ. ಬಿದ್ದವನನ್ನು ಎಬ್ಬಿಸುತ್ತಾನೆ. ಗುರಿ ಬಲು ಚೆನ್ನಾಗಿದೆ. ಮೂವರೂ ಅವನ ಮಾತು ಕೇಳುತ್ತಾರೆ. ಯಾವ ಮನೆಗೆ ನುಗ್ಗಬೇಕು, ಯಾವ ಗುಡ್ಡ ಹತ್ತಬೇಕು ಎಂದು ಇವನೇ ಹೇಳುವುದು. ಹಗಲೆಲ್ಲ ಹೇಳಿಸಿಕೊಂಡವನು ರಾತ್ರಿ ಹೇಳುವವನಾಗುತ್ತಾನೆ.

ಒಮ್ಮೆ ಕೇಳಿದೆ: “ಅಲ್ಲ ಕನಪ್ಪಾ, ಅಚ್ಚಕನ್ನಡದಲ್ಲಿ ‘ಅಣ್ಣ’ ಅಂತ ಇಟ್ಕಳಕ್ಕಾಗ್ಲಿಲ್ವಾ ನಿಂಗೆ?”

ಅವನು ನಕ್ಕ. “ಅಣ್ಣ ಅಂದ್ರೆ ನಮ್ಮಟ್ಟೀಲೇ ಒಬ್ಬ ಅವ್ನೆ ಕನಣ್ಣ. ನಾ ಹಾಕಂಡಿರೋ ಪ್ಯಾಂಟು ಅವಂದೇಯ. ಅವನ್ಗೆ ಯಾರ್ ಹೆದರ್ಕತಾರೆ? ಭಾಯ್ ಅನ್ನು... ಅದ್ರ ಗತ್ತೇ ಬ್ಯಾರೆ!”

ಈ ಮಾತನ್ನು ನಗೆಯಾಡಿ ಬಿಟ್ಟುಬಿಡಬಹುದಿತ್ತು. ಆದರೆ ಯೋಚಿಸಿದಷ್ಟೂ ಹುಡುಗ ದೊಡ್ಡ ವಿಷಯ ಹೇಳಿದ್ದಾನೆ ಎನಿಸಿತು.

ಪಕ್ಕದ ಮನೆಯ ಅಣ್ಣ

‘ಭಾಯ್’ ಅಂದರೆ ಹಿಂದಿಯಲ್ಲಿ ಅಣ್ಣ, ತಮ್ಮ ಎರಡೂ. ಅಷ್ಟೇ. ನಮ್ಮೂರ ಬಸ್ ನಿಲ್ದಾಣಕ್ಕೆ ಈ ಮಾತು ಸಿನಿಮಾಕ್ಕಿಂತ ಮೊದಲೇ ಬಂದಿತ್ತು. ಪಂಕ್ಚರ್ ಹಾಕುವ, ಗುಜರಿ ಕೊಳ್ಳುವ, ಬಿರಿಯಾನಿ ಮಾಡುವ ಮುಸಲ್ಮಾನ ಬಾಂಧವರನ್ನು ನಾವೆಲ್ಲ ‘ಭಾಯ್, ಒಸಿ ಗಾಳಿ ಹೊಡೀರಿ’ ಎಂದೇ ಕರೆಯುತ್ತಿದ್ದುದು. ಮನೆಯಲ್ಲಿ ಉರ್ದು ಆಡುವ ಅವರ ಬಾಯಲ್ಲಿ ಅದು ಶುದ್ಧ ಅಣ್ಣ-ತಮ್ಮಂದಿರ ಮಾತು. ಹೆದರಿಕೆಯ ವಾಸನೆಯೂ ಇಲ್ಲ.

ಹೆದರಿಕೆ ಬೆರೆಸಿದ್ದು ಬೊಂಬಾಯಿ. ಅಲ್ಲಿನ ಗಲ್ಲಿಗಳಲ್ಲಿ ಹಫ್ತಾ ವಸೂಲಿ ಮಾಡುವವನನ್ನು ಹೆಸರು ಹಿಡಿದು ಕರೆಯಲು ಯಾರಿಗೆ ಧೈರ್ಯ? ‘ಭಾಯ್’ ಎಂದರು. 1975ರ ‘ದೀವಾರ್’ ನೆನಪಿದೆಯೇ? ಅಣ್ಣ ಸ್ಮಗ್ಲರ್ ಅಮಿತಾಭ್, ತಮ್ಮ ಪೊಲೀಸ್ ಶಶಿ ಕಪೂರ್. ಎದುರು ನಿಂತವನು ಅಣ್ಣನೋ ಅಪರಾಧಿಯೋ ಎಂಬುದೇ ಆ ಚಿತ್ರದ ಜೀವಾಳ. ಅಲ್ಲಿ ಆ ಎರಡೂ ಬೇರೆ ಬೇರೆಯಾಗಿದ್ದವು. 1998ರ ‘ಸತ್ಯಾ’, 1999ರ ‘ವಾಸ್ತವ್’ ಬರುವ ಹೊತ್ತಿಗೆ ಬೊಂಬಾಯಿಯ ಭೂಗತ ಲೋಕವೇ ತೆರೆಯ ತುಂಬ. ಭಾಯ್ ಎಂದರೆ ಡಾನ್, ಡಾನ್ ಎಂದರೆ ಭಾಯ್! 2003ರಲ್ಲಿ ‘ಮುನ್ನಾಭಾಯಿ ಎಂ.ಬಿ.ಬಿ.ಎಸ್.’ ಬಂದು ಅದೇ ಭಾಯ್‌ಗೆ ಮತ್ತೆ ಸ್ವಲ್ಪ ಅಂತಃಕರಣ ತುಂಬಿತು. ಸಲ್ಮಾನ್ ಖಾನ್ ಅಭಿಮಾನಿಗಳಿಗಂತೂ ಭಾಯ್ ಎಂದರೆ ಒಬ್ಬನೇ.

ಈಗ ಮಜಾ ನೋಡಿ. ಆ ಮುನ್ನಾಭಾಯಿ ಕನ್ನಡಕ್ಕೆ ಬಂದಾಗ, 2006ರಲ್ಲಿ, ಏನಾದ? ‘ಉಪ್ಪಿ ದಾದಾ ಎಂ.ಬಿ.ಬಿ.ಎಸ್.’! ತೆಲುಗಿನಲ್ಲಿ ‘ಶಂಕರ್ ದಾದಾ’. ತಮಿಳರು ಮಾತ್ರ ‘ವಸೂಲ್ ರಾಜಾ’ ಎಂದರು. ಭಾಯ್ ಹೋಗಿ ದಾದಾ ಬಂದ. ‘ದಾದಾ’ ಮಾತ್ರ ಕನ್ನಡವೇ? ಅದೂ ಅಲ್ಲ! ಬಂಗಾಳಿಯಲ್ಲಿ, ಮರಾಠಿಯಲ್ಲಿ ದಾದಾ ಎಂದರೆ ಅಣ್ಣ. ಹಿಂದಿಯಲ್ಲಿ ಅಪ್ಪನ ಅಪ್ಪ, ಅಂದರೆ ತಾತ. ಬೊಂಬಾಯಿಯ ಬೀದಿಯಲ್ಲಿ ರೌಡಿ. ನಮಗೆ ವಿಷ್ಣುವರ್ಧನ್ 1988ರಲ್ಲೇ ‘ದಾದಾ’ ಆಗಿ ಪರಿಚಯ ಮಾಡಿಕೊಟ್ಟಿದ್ದರಿಂದ ಅದು ಮನೆ ಮಾತಿನಂತೆ ಕೇಳಿಸಿತು, ಅಷ್ಟೇ.

ನಾವು ಅವರ ಅಣ್ಣನನ್ನು ತಂದು ರೌಡಿ ಮಾಡಿದೆವು. ಅವರೇನು ಸುಮ್ಮನಿದ್ದಾರೆಯೇ? 1989ರ ಹಿಂದಿ ಚಿತ್ರ ‘ಪರಿಂದಾ’ ನೋಡಿ. ನಾನಾ ಪಾಟೇಕರ್ ಅದರಲ್ಲಿ ಮೈ ನಡುಗಿಸುವ ಖಳನಾಯಕ. ಹೆಸರೇನು ಗೊತ್ತೇ? ‘ಅಣ್ಣಾ’! ನಮ್ಮಟ್ಟಿಯಲ್ಲಿ ಹಳೇ ಪ್ಯಾಂಟು ಕೊಡುವ ಅಣ್ಣ, ಬೊಂಬಾಯಿಯ ತೆರೆಯ ಮೇಲೆ ನಿಂತೊಡನೆ ಜನ ನಡುಗುತ್ತಾರೆ. ಮುಲ್ಕಿಯ ಕಡೆಯ ಸುನೀಲ್ ಶೆಟ್ಟಿಯವರನ್ನು ಹಿಂದಿ ಚಿತ್ರರಂಗ ಗೌರವದಿಂದ ‘ಅಣ್ಣಾ’ ಎನ್ನುತ್ತದೆ. ಅವರಿಗೆ ಆ ಮಾತಿನಲ್ಲಿ ಗತ್ತು ಕಾಣುತ್ತದೆ. ನಮಗೆ ಅದೇ ಗತ್ತು ‘ಭಾಯ್’ನಲ್ಲಿ ಕಾಣುತ್ತದೆ.

ಗುಟ್ಟು ಇಷ್ಟೇ ಗೆಳೆಯರೇ. ಸ್ವಂತ ಅಣ್ಣನಿಗೆ ಯಾರೂ ಹೆದರುವುದಿಲ್ಲ. ಅವನಿಗೆ ಜ್ವರ ಬಂದಾಗ ಅತ್ತದ್ದು, ಅವ್ವನ ಕೈಲಿ ಒದೆ ತಿಂದದ್ದು ಎಲ್ಲ ಗೊತ್ತು. ಪಕ್ಕದ ಮನೆಯ ಅಣ್ಣನ ವಿಷಯ ಹಾಗಲ್ಲ. ಅವನು ಹತ್ತಿರದವನೂ ಹೌದು, ಒಳಗು ತಿಳಿಯದವನೂ ಹೌದು. ಸಲುಗೆಯೂ ಇರಬೇಕು, ಒಂದಿಷ್ಟು ಅಂಜಿಕೆಯೂ ಇರಬೇಕು ಎಂದಾಗ ಪ್ರತಿ ಭಾಷೆಯವನೂ ಪಕ್ಕದ ಭಾಷೆಯ ಅಣ್ಣನನ್ನು ಕಡ ತರುತ್ತಾನೆ. ‘ರಾಕಿ ಅಣ್ಣ’ ಎಂದಿದ್ದರೆ ಸೀಟಿ ಬೀಳುತ್ತಿರಲಿಲ್ಲ. ಊಟಕ್ಕೆ ಕರೆದಂತಿರುತ್ತಿತ್ತು!

ದೇವರೇ ಭಾವ!

ಹಾಗಾದರೆ ನೆಂಟಸ್ತಿಕೆಯ ಹೆಸರಿನ ಈ ಹುಚ್ಚು ಮೊಬೈಲ್ ತಂದದ್ದೇ? ಛೇ, ಛೇ. ಕತ್ತೆತ್ತಿ ಬೆಟ್ಟದ ಕಡೆ ನೋಡಿ.

ಬಿಳಿಕಲ್ಲಿನ ಆ ಬಂಡೆಯ ನೆತ್ತಿಯ ಮೇಲೆ ಕೂತಿರುವ ರಂಗನಾಥಸ್ವಾಮಿಯನ್ನು ಕಾಡಿನ ಸೋಲಿಗರು ಏನೆಂದು ಕರೆಯುತ್ತಾರೆ ಗೊತ್ತಲ್ಲ? ‘ಭಾವ’! ಸೋಲಿಗರ ಹೆಣ್ಣು ಕುಸುಮಾಲೆಯನ್ನು ಮೆಚ್ಚಿ ಮದುವೆಯಾದ ರಂಗ, ಆದ್ದರಿಂದ ಅವರಿಗೆಲ್ಲ ಅವನು ಅಕ್ಕ-ತಂಗಿಯ ಗಂಡ. ದೇಶದವರಿಗೆಲ್ಲ ಸ್ವಾಮಿ, ಇವರಿಗೆ ಮಾತ್ರ ಭಾವ. ಬೆಂಗಳೂರಿನ ಕಾಲೇಜು ಹುಡುಗರು ‘ಮಚ್ಚಾ, ಮಚ್ಚಾ’ ಎಂದು ಒಬ್ಬರ ಹೆಗಲಿಗೆ ಒಬ್ಬರು ಕೈ ಹಾಕುತ್ತಾರಲ್ಲ, ಅದು ತಮಿಳಿನ ಮಚ್ಚಾನ್, ಅಂದರೆ ಭಾವನೋ ಮೈದುನನೋ. ಅವರು ಗೆಳೆಯನಿಗೆ ಕಟ್ಟಿದ ನೆಂಟಸ್ತನವನ್ನು ನಮ್ಮ ಕಾಡಿನವರು ದೇವರಿಗೇ ಕಟ್ಟಿದ್ದಾರೆ, ಸ್ವಾಮಿ!

ಇದೇ ಜಿಲ್ಲೆಯ ಇನ್ನೊಂದು ಬೆಟ್ಟದ ಮಲೆ ಮಹದೇಶ್ವರ ನಮ್ಮ ಜನರ ಬಾಯಲ್ಲಿ ‘ಮಾದಪ್ಪ’. ಅಲ್ಲೊಬ್ಬ ಅಪ್ಪ ಇದ್ದಾನೆ. ಚಿಕ್ಕಲ್ಲೂರಿನವನು ‘ಸಿದ್ದಪ್ಪಾಜಿ’. ಅಲ್ಲೂ ಅಪ್ಪ! ಕೊಳ್ಳೇಗಾಲ ಸೀಮೆಯ ದೇವರುಗಳೆಲ್ಲ ನಮ್ಮ ಮನೆಯ ಪಡಸಾಲೆಯಲ್ಲಿ ಕೂರುವ ನೆಂಟರೇ.

ಆದರೆ ಈ ಹೆಸರುಗಳು ಪುಕ್ಕಟೆ ಬಂದವಲ್ಲ. ಭಾವ ಎನಿಸಿಕೊಂಡ ರಂಗ ರಾತ್ರಿಯೆಲ್ಲ ಕಾಡು ಸುತ್ತುತ್ತಾನೆ ಎಂದು ನಂಬಿಕೆ. ಸುತ್ತಿ ಸುತ್ತಿ ಅವನ ಚಪ್ಪಲಿ ಸವೆಯುತ್ತದಂತೆ. ಬೂದಿತಿಟ್ಟು ಗ್ರಾಮದ ದಲಿತ ಕುಟುಂಬದವರು ಎರಡು ವರ್ಷಕ್ಕೊಮ್ಮೆ ದೊಡ್ಡ ಜೋಡು ಚಪ್ಪಲಿ ಹೊಲಿದು ಬೆಟ್ಟಕ್ಕೆ ಒಪ್ಪಿಸುತ್ತಾರೆ. ಆ ಚಪ್ಪಲಿಯನ್ನೇ ತಲೆಗೆ ಮುಟ್ಟಿಸಿಕೊಂಡು ಭಕ್ತರು ಆಶೀರ್ವಾದ ಪಡೆಯುತ್ತಾ ಬಂದಿದ್ದಾರೆ. ನೋಡಿದಿರಾ? ನೆಂಟ ಎನಿಸಿಕೊಂಡ ಮೇಲೆ ದೇವರಾದರೂ ಕಾಲು ಸವೆಸಬೇಕು.

ಇನ್ನು ನಮ್ಮ ಬೆಳ್ಳಿತೆರೆಯ ದೇವರ ಮಾತಿಗೆ ಬರೋಣ. ಕೊಳ್ಳೇಗಾಲ ತಾಲ್ಲೂಕಿನ ಸಿಂಗಾನಲ್ಲೂರಿನ ಪುಟ್ಟಸ್ವಾಮಯ್ಯನವರ ಮಗ ಮುತ್ತುರಾಜ. ಹುಟ್ಟಿದ್ದು ಗಾಜನೂರಿನಲ್ಲಿ, 1929ರ ಏಪ್ರಿಲ್ 24ರಂದು. 1954ರಲ್ಲಿ ‘ಬೇಡರ ಕಣ್ಣಪ್ಪ’ ಚಿತ್ರಕ್ಕೆ ನಿರ್ದೇಶಕ ಎಚ್.ಎಲ್.ಎನ್. ಸಿಂಹ ಅವರು ಆತನ ಹೆಸರು ಬದಲಿಸಿ ‘ರಾಜ್‌ಕುಮಾರ್’ ಮಾಡಿದರು. ಅದು ಚಿತ್ರರಂಗ ಕೊಟ್ಟ ಹೆಸರು. ‘ಅಣ್ಣಾವ್ರು’ ಎಂಬುದು ಹಾಗಲ್ಲ. ಅದನ್ನು ಕೊಟ್ಟವರು ನಾವು, ನೀವು. ಅಭಿಮಾನಿಗಳನ್ನು ದೇವರು ಎಂದು ಕರೆದದ್ದಕ್ಕೆ, 1982ರಲ್ಲಿ ಗೋಕಾಕ್ ಚಳವಳಿಗೆ ಬೀದಿಗಿಳಿದು ಊರೂರು ಸುತ್ತಿದ್ದಕ್ಕೆ ಆ ಮಾತಿಗೆ ತೂಕ ಬಂತು. 2000ದ ಜುಲೈ 30ರಂದು ಗಾಜನೂರಿನಿಂದ ವೀರಪ್ಪನ್ ಅವರನ್ನು ಒಯ್ದಾಗ, 108 ದಿನ, ನಾಡಿನ ಮನೆಮನೆಯೂ ಸ್ವಂತ ಅಣ್ಣ ಕಳೆದುಹೋದಂತೆ ಕಾದದ್ದು ಬರೀ ನಟನಿಗಾಗಿ ಅಲ್ಲ. 2006ರಲ್ಲಿ ಕಣ್ಮುಚ್ಚಿದ ಮೇಲೂ ಆ ಕಣ್ಣುಗಳನ್ನು ದಾನ ಕೊಟ್ಟು ಹೋದರು.

ಇಲ್ಲಿದೆ ನೋಡಿ ವ್ಯತ್ಯಾಸ. ‘ಅಣ್ಣಾವ್ರು’ ಜನ ಕೊಟ್ಟ ಬಿರುದು. ಆಟದ ‘ಭಾಯ್’ ತಾನೇ ಇಟ್ಟುಕೊಂಡ ಬಿರುದು. ಕೊಟ್ಟದ್ದನ್ನು ಉಳಿಸಿಕೊಳ್ಳಬೇಕು. ಇಟ್ಟುಕೊಂಡದ್ದನ್ನು ಗಳಿಸಬೇಕು. ಎರಡನೆಯದೇ ಕಷ್ಟ!

ಆರುನೂರು ರೂಪಾಯಿ

ಸಂಕ್ರಾಂತಿಯ ಚಿಕ್ಕ ಜಾತ್ರೆ ಮುಗಿದ ವಾರ ಇರಬೇಕು. ನಮ್ಮ ಹುಡುಗ ಅಂಗಡಿಗೆ ಬಂದ. ಕೈಯಲ್ಲಿ ಸಂಬಳದ ಹಣ. “ಅಣ್ಣ, ಇದ್ನ ಇಸ್ಕಂಡು ನನ್ನ ನಂಬರ್‌ಗೆ ಆರ್ನೂರು ರೂಪಾಯಿ ಫೋನ್‌ಪೇ ಮಾಡು. ಒಬ್ಬನ್ಗೆ ಕಳಿಸ್ಬೇಕು” ಎಂದ.

ಯಾರಿಗೆ ಎಂದು ಕೇಳಿದೆ. ಅವನ ಗುಂಪಿನ ಒಬ್ಬ. ಉತ್ತರದೇಶದವನು. ಅವನೂ ಎಲ್ಲೋ ಒಂದು ಅಂಗಡಿಯಲ್ಲಿ ಕೆಲಸದ ಹುಡುಗ. ಫೋನಿನ ಗಾಜು ಒಡೆದಿದೆ, ಸಂಬಳ ಬರಲು ಇನ್ನೂ ಹದಿನೈದು ದಿನ. ‘ಭಾಯ್, ಥೋಡಾ ಹೆಲ್ಪ್ ಕರೋ’ ಎಂದಿದ್ದಾನೆ. ಮುಖ ನೋಡಿಲ್ಲ. ಊರು ಯಾವ ದಿಕ್ಕಿಗಿದೆ ಎಂದೂ ಇವನಿಗೆ ತಿಳಿಯದು.

“ವಾಪಸ್ ಬತ್ತದಾ?” ಅಂದೆ.

“ಗೊತ್ತಿಲ್ಲ ಕನಣ್ಣ.”

“ಮತ್ಯಾಕೆ ಕಳಿಸ್ತೀಯೆ?”

ಹುಡುಗ ಒಂದು ಗಳಿಗೆ ಸುಮ್ಮನಿದ್ದ. ಆಮೇಲೆ ಹೇಳಿದ: “ದಿನಾ ರಾತ್ರಿ ಅವನ ಬಾಯಲ್ಲಿ ಭಾಯ್, ಭಾಯ್ ಅಂತ ಕರೆಸ್ಕತೀನಿ. ಪುಕ್ಕಟೆ ಕರೆಸ್ಕಳದಾ?”

ನಾನು ಹಣ ಹಾಕಿದೆ. ಅವನು ಕಳಿಸಿದ. ಒಂದೂವರೆ ತಿಂಗಳಾದ ಮೇಲೆ ಮುನ್ನೂರು ರೂಪಾಯಿ ವಾಪಸ್ಸು ಬಂತು. ಉಳಿದ ಮುನ್ನೂರು ಇವತ್ತಿಗೂ ಬಂದಿಲ್ಲ. ಇವನು ಕೇಳಿಯೂ ಇಲ್ಲ. ಇಬ್ಬರೂ ಈಗಲೂ ಒಂದೇ ಗುಂಪಿನಲ್ಲಿ ಆಡುತ್ತಾರೆ. ಅಣ್ಣ-ತಮ್ಮಂದಿರ ಲೆಕ್ಕ ಯಾವ ಮನೆಯಲ್ಲಿ ಪೂರ್ತಿ ಚುಕ್ತಾ ಆಗಿದೆ, ಹೇಳಿ?

ಹೀಗೆಂದ ಮಾತ್ರಕ್ಕೆ ‘ಭಾಯ್’ ಎಂದವರಿಗೆಲ್ಲ ದುಡ್ಡು ಕಳಿಸಿ ಎಂದು ನಾನು ಹೇಳುತ್ತಿಲ್ಲ, ಮಹರಾಯರೇ! ಮೊಬೈಲಿನಲ್ಲಿ ಭಾಯ್ ಎಂದು ಬಾಯಿ ಸಿಹಿ ಮಾಡಿ ಜೇಬು ಖಾಲಿ ಮಾಡುವವರೂ ಉಂಟು. ಎಚ್ಚರ ಇರಲಿ. ನಾನು ಹೇಳುವುದು ಈ ಹುಡುಗ ಆ ಹೆಸರಿಗೆ ತನ್ನ ಮಟ್ಟಿಗೆ ತೆತ್ತ ಬೆಲೆಯ ಮಾತು. ಅವನ ಒಂದು ದಿನದ ಕೂಲಿಗಿಂತ ಹೆಚ್ಚು ಅದು.

ನಕ್ಕವರು ಯಾರಿಗೆ ನಕ್ಕರು?

ಹೆಸರು ಆಟದೊಳಗೇ ಇದ್ದಿದ್ದರೆ ಚೆನ್ನಿತ್ತು. ಆದರೆ ಹೆಸರು ಹೊರಗೆ ಬಂತು. ಒಂದು ಸೋಮವಾರ ಬೆಟ್ಟದ ಗೆಳೆಯರು ನಾಲ್ಕು ಜನ ಹೋಟೆಲಿಗೆ ನುಗ್ಗಿ ‘ಭಾಯ್! ಎಲ್ಲಿದ್ದೀಯೋ ಭಾಯ್!’ ಎಂದು ಕೂಗಿದರು. ಗಲ್ಲಾದ ಮೇಲಿದ್ದವರು ಕೇಳಿಸಿಕೊಂಡರು. ಮುಖದ ಮೇಲೆ ನಗೆ. “ಓಹೋ, ಇಂವ ಭಾಯ್ ಅಂತೆ ಕನ್ರಪ್ಪೋ! ಭಾಯ್ ಸಾಹೇಬ್ರೇ, ಆ ಮೂಲೆ ಟೇಬಲ್ ಒಸಿ ಒರೆಸ್ತೀರಾ?”

ಇಡೀ ಹೋಟೆಲು ಗೊಳ್ಳೆಂದಿತು. ಟೀ ಕುಡಿಯುತ್ತಿದ್ದ ಕಾಲೇಜು ಹುಡುಗರೂ ನಕ್ಕರು. ಬಹುಶಃ ಅವರಲ್ಲೂ ಒಬ್ಬಿಬ್ಬರು ರಾತ್ರಿಯ ಭಾಯ್‌ಗಳು ಇದ್ದಿರಬೇಕು! ನಮ್ಮ ಹುಡುಗ ತಲೆ ತಗ್ಗಿಸಿ ಬಟ್ಟೆ ಹಿಂಡಿದ, ಟೇಬಲ್ ಒರೆಸಿದ. ಅಂದಿನಿಂದ ಹಗಲೆಲ್ಲ ಅದೇ ಗೋಳು. ‘ಭಾಯ್, ನೀರು’, ‘ಭಾಯ್, ಬಾಳೆಲೆ ಎತ್ತು’. ‘ಏಯ್’ ಎಂಬುದೇ ಎಷ್ಟೋ ವಾಸಿ ಎನಿಸುವ ಹಾಗೆ.

ಸಿನಿಮಾದಲ್ಲಾದರೆ ಇಲ್ಲಿ ಸಂಗೀತ ಏರಬೇಕು, ಕ್ಯಾಮೆರಾ ಕಾಲಿನಿಂದ ಮುಖಕ್ಕೆ ಬರಬೇಕು, ಟೇಬಲ್ಲು ಹಾರಬೇಕು! 2001ರ ‘ಕೋಟಿಗೊಬ್ಬ’ದಲ್ಲಿ ಸಾಧು ಆಟೋ ಡ್ರೈವರ್ ವಿಷ್ಣುವರ್ಧನ್ ತಮ್ಮ ಒಳಗಿನ ಡಾನನ್ನು ಹೊರಗೆ ತೆಗೆದಾಗ ನಾವೆಲ್ಲ ಕುರ್ಚಿ ಮೇಲೆ ನಿಂತಿರಲಿಲ್ಲವೇ? ಅದರ ತಮಿಳು ಮೂಲ ‘ಬಾಷಾ’ದಲ್ಲಿ, 1995ರಲ್ಲಿ, ರಜನಿಕಾಂತ್ ಮಾಡಿದ್ದೂ ಅದನ್ನೇ. ಹಗಲು ಬಯ್ಯಿಸಿಕೊಳ್ಳುವ ಪ್ರತಿ ಹುಡುಗನ ಒಳಗೂ ಒಬ್ಬ ಬಾಷಾ ಕೂತಿರುತ್ತಾನೆ ಎಂಬ ಆಸೆಯೇ ಆ ಚಿತ್ರಗಳ ಬಂಡವಾಳ. ಆದರೆ ಯಳಂದೂರಿನ ಹೋಟೆಲಿನಲ್ಲಿ ಟೇಬಲ್ಲು ಹಾರಲಿಲ್ಲ. ಹಾರಿದ್ದರೆ ಅವನ ಕೆಲಸ ಹಾರುತ್ತಿತ್ತು.

ಆ ರಾತ್ರಿ ಹೇಳಿದೆ: “ಹೆಸ್ರು ಬದ್ಲಾಯಿಸ್ಕಳಪ್ಪ. ಅದ್ಕೊಂದು ರೀನೇಮ್ ಕಾರ್ಡ್ ಅದಂತಲ್ಲ ಆಟದಲ್ಲಿ?”

“ಯಾಕಣ್ಣ? ಅವ್ರು ನಕ್ಕಿದ್ದು ಭಾಯ್‌ಗಲ್ಲ. ಟೇಬಲ್ ಒರೆಸೋನ್ಗೆ. ಬೇರೆ ಹೆಸ್ರು ಇಟ್ಕಂಡ್ರೂ ನಗ್ತರೆ ಬುಡು.”

ಎರಡು ತಿಂಗಳ ಹಿಂದೆ ಮತ್ತೆ ಬಂದ. ಡ್ರೈವಿಂಗ್ ಲೈಸೆನ್ಸಿಗೆ ಅರ್ಜಿ ಹಾಕಬೇಕಂತೆ. ಬೆಟ್ಟಕ್ಕೆ ಜೀಪು ಓಡಿಸುವ ಕೆಲಸ ಸಿಗುವ ಹಾಗಿದೆ. ಹೆಸರಿನ ಕಾಲಂ ತುಂಬುವಾಗ ಪೆನ್ನು ನನ್ನ ಕೈಯಿಂದ ಇಸಿದುಕೊಂಡ. ಅಪ್ಪ-ಅವ್ವ ಇಟ್ಟ ಹೆಸರನ್ನು, ತಾತನ ಹೆಸರನ್ನು, ಒಂದೊಂದು ಮನೆಯೊಳಗೆ ಒಂದೊಂದು ಅಕ್ಷರ ಕೂರಿಸಿ ಬರೆದ. ಬರೆದು ಮುಗಿಸಿ ಕಣ್ಣು ಮಿಟುಕಿಸಿದ: “ಹಿಂದ್ಗಡೆ ಭಾಯ್ ಅಂತ ಹಾಕಕ್ಕಾಗಲ್ವಾ ಅಣ್ಣ?”

ಲೈಸೆನ್ಸು ಬಂತು. ಲ್ಯಾಮಿನೇಶನ್ ಬೇಡದ ಗಟ್ಟಿ ಕಾರ್ಡು ಅದು. ಆದರೂ ಅದರ ಒಂದು ಜೆರಾಕ್ಸ್ ತೆಗೆಸಿ ಅದಕ್ಕೆ ಲ್ಯಾಮಿನೇಶನ್ ಮಾಡಿಸಿಕೊಂಡು ಹೋದ. ಅವರ ಅಪ್ಪನಿಗೆ ತೋರಿಸಲಂತೆ.

ಓದುಗ ಮಿತ್ರರೇ, ನೀವು ಈ ಪುಟ ಓದುತ್ತಿರುವುದೂ ಒಂದು ಬಸ್ ನಿಲ್ದಾಣದಲ್ಲೇ ಇರಬಹುದು. ಬಸ್ಸಿಗೆ ಇನ್ನೂ ಹೊತ್ತಿದೆ. ಟೀ ಕುಡಿಯಲು ಎದುರು ಹೋಟೆಲಿಗೆ ಹೋಗುತ್ತೀರಿ. ಲೋಟ ತಂದಿಡುವ ಹುಡುಗ ಅಲ್ಲೂ ಒಬ್ಬನಿರುತ್ತಾನೆ. ನಿನ್ನೆ ರಾತ್ರಿ ಆಟದಲ್ಲಿ ನೀವು ತೆವಳುತ್ತಾ ಕೂಗಿದಾಗ ಓಡಿ ಬಂದು ಎಬ್ಬಿಸಿದವನು ಅವನೇ ಆಗಿದ್ದರೂ ಆಶ್ಚರ್ಯವಿಲ್ಲ. ಚಿಟಿಕೆ ಹೊಡೆಯುವ ಮೊದಲು ‘ನಿನ್ನ ಹೆಸರೇನಪ್ಪಾ’ ಎಂದು ಒಂದು ಮಾತು ಕೇಳಿದರೆ ಟೀ ಏನೂ ಆರಿಹೋಗುವುದಿಲ್ಲ.

ಏನಂತೀರಿ... ಭಾಯ್?